ನಂಬರ್ ಪ್ಲೇಟ್ ನಂಬಬೇಡಿ, ಹ್ಯಾಂಡಲ್ ತಿರುಗಿಸಿ ನೋಡಿ

ಪಾವಗಡದ ನಕ್ಷೆ ತೆಗೆದು ನೋಡಿ, ಮೂರು ಕಡೆ ಆಂಧ್ರ. ರಾಯಚರ್ಲು ಸೀಮೆಯ ಹುಡುಗರಿಗೆ ಮಡಕಶಿರಾ, ಹಿಂದೂಪುರ ಪರವೂರೇನಲ್ಲ. ನೆಂಟಸ್ತನ ಗಡಿ ದಾಟೋ ಹಾಗೆ ಸೆಕೆಂಡ್ ಹ್ಯಾಂಡ್ ಬೈಕೂ ಗಡಿ ದಾಟುತ್ತೆ. ಈ ಕೈಲಿ ದುಡ್ಡು, ಆ ಕೈಲಿ ಕೀ, ಜೊತೆಗೊಂದು ಆರ್‌ಸಿ ಜೆರಾಕ್ಸ್. ವ್ಯಾಪಾರ ಮುಗೀತು. ನಿಜವಾದ ಕಥೆ ಶುರುವಾಗೋದು ಆಮೇಲೆ.

ಕೊಳ್ಳುವವರು ಮೊದಲು ನೋಡೋದು ನಂಬರ್ ಪ್ಲೇಟ್. ಕೆಎ-64 ಅಂದ್ರೆ ಮಧುಗಿರಿ, ಕೆಎ-06 ಅಂದ್ರೆ ತುಮಕೂರು. ಆದರೆ ಆಂಧ್ರದಲ್ಲಿ 2019ರಿಂದ ಇಡೀ ರಾಜ್ಯಕ್ಕೆ ಎಪಿ-39 ಸರಣಿ ಬಂದ ಮೇಲೆ ಗಾಡಿ ಯಾವ ಜಿಲ್ಲೆಯದು ಅಂತ ಪ್ಲೇಟ್ ಹೇಳಲ್ಲ. ಎಷ್ಟೇ ಆದರೂ ಪ್ಲೇಟ್ ಹೊರಗಿನಿಂದ ಕೂರಿಸಿದ ತಗಡು. ಗಾಡಿಯ ನಿಜವಾದ ಗುರುತು ಅದರ ಮೈಮೇಲೇ ಕೊರೆದ ಚಾಸಿ ನಂಬರ್. ಕೇಂದ್ರ ಮೋಟಾರು ವಾಹನ ನಿಯಮ 122ರ ಪ್ರಕಾರ ತಯಾರಕರು ಅದನ್ನು ಕೊರೆಯಲೇಬೇಕು.

ಹುಡುಕೋದು ಕಷ್ಟವಲ್ಲ. ಹ್ಯಾಂಡಲ್ ಒಂದು ಕಡೆಗೆ ಪೂರ್ತಿ ತಿರುಗಿಸಿ. ಹೆಡ್‌ಲೈಟ್ ಹಿಂದೆ, ಹ್ಯಾಂಡಲ್ ಕೂತಿರುವ ಫ್ರೇಮ್‌ನ ಕೊಳವೆ ಮೇಲೆ, ಹೆಚ್ಚಿನ ಬೈಕುಗಳಲ್ಲಿ ಬಲಬದಿಗೆ, 17 ಅಕ್ಷರ-ಅಂಕಿ ಸಿಗುತ್ತವೆ. ಧೂಳು, ಗ್ರೀಸ್ ಒರೆಸಿ ಓದಿ. ಇಂಗ್ಲಿಷಿನ ಐ, ಒ, ಕ್ಯೂ ಅಕ್ಷರಗಳು ಇದರಲ್ಲಿ ಬರೋದೇ ಇಲ್ಲ; 1 ಮತ್ತು 0 ಜೊತೆ ಗೊಂದಲ ಆಗಬಾರದು ಅಂತ. ಬಂದಿದ್ದರೆ ಅಲ್ಲೇ ಅನುಮಾನ ಪಡಿ.

ಮೊದಲ ಮೂರು ಅಕ್ಷರ ತಯಾರಕರದ್ದು: ಎಂಬಿಎಲ್ ಹೀರೋ, ಎಂಡಿ2 ಬಜಾಜ್, ಎಂಡಿ6 ಟಿವಿಎಸ್, ಎಂಇ4 ಹೋಂಡಾ, ಎಂಇ3 ರಾಯಲ್ ಎನ್‌ಫೀಲ್ಡ್. ನಡುವಿನವು ಮಾಡೆಲ್ ಹೇಳುತ್ತವೆ. ಹತ್ತನೆಯದು ಸಾಮಾನ್ಯವಾಗಿ ವರ್ಷ: ಕೆ ಅಂದ್ರೆ 2019, ಎಲ್ 2020, ಎಂ 2021, ಎನ್ 2022, ಪಿ 2023. ಮಾರುವವನು '2021ರ ಗಾಡಿ' ಅಂದು ಅಲ್ಲಿ ಕೆ ಇದ್ದರೆ, ಆರ್‌ಸಿಯಲ್ಲಿ ತಯಾರಾದ ತಿಂಗಳು-ವರ್ಷ ತೆಗೆದು ಮುಖಕ್ಕೆ ಹಿಡಿಯಿರಿ. ಕೊನೆಯ ಅಂಕಿಗಳು ಆ ಗಾಡಿಯದೇ ಕ್ರಮಸಂಖ್ಯೆ. ಅಕ್ಷರಗಳ ಸಾಲು ಸೊಟ್ಟಗಿದ್ದರೆ, ಅಷ್ಟು ಜಾಗಕ್ಕೆ ಮಾತ್ರ ಹೊಸ ಪೇಂಟ್ ಇದ್ದರೆ, ಉಜ್ಜಿದ ಗುರುತಿದ್ದರೆ, ಚೌಕಾಸಿಗೇ ಇಳಿಯಬೇಡಿ.

ಇದೆಲ್ಲ ಮೆಕ್ಯಾನಿಕ್ ಪಾಠ ಅನ್ನಿಸಬಹುದು. ಆದರೆ ನಾನು ಇದನ್ನು ರಾಜಕೀಯದ ಪ್ರಶ್ನೆ ಅಂತಲೇ ನೋಡ್ತೀನಿ. 2018ರ ಫೆಬ್ರವರಿಯಲ್ಲಿ ನವೀನ್ ಕುಮಾರ್-ವಿಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿತು: ಗಾಡಿ ಎಷ್ಟು ಕೈ ಬದಲಾಗಿದ್ದರೂ, ಅಪಘಾತದ ಪರಿಹಾರದ ಹೊಣೆ ಆರ್‌ಸಿಯಲ್ಲಿ ಹೆಸರಿರುವವರದ್ದೇ. ಹೆಸರು ವರ್ಗಾಯಿಸದೆ ಮಾರಿದವನಿಗೆ ಈ ಕುಣಿಕೆ. ಕೊಂಡವನ ಕುಣಿಕೆ ಬೇರೆ. ಗಾಡಿ ಕದ್ದದ್ದಾದರೆ, ತನಗೆ ಗೊತ್ತಿರಲಿಲ್ಲ ಅಂತ ಠಾಣೆ ಮೆಟ್ಟಿಲ ಮೇಲೆ ನಿಂತು ಹೇಳಬೇಕಾದವನು ಅವನೇ.

ಶೋರೂಮಿನಲ್ಲಿ ಹೊಸ ಗಾಡಿ ತಗೊಳ್ಳೋನಿಗೆ ಈ ತಲೆನೋವಿಲ್ಲ, ಕಾಗದವನ್ನೆಲ್ಲ ಡೀಲರ್ ನೋಡ್ಕೋತಾನೆ. ಕೂಲಿಗೆ, ಗಾರ್ಮೆಂಟ್ಸಿಗೆ, ತಿರುಮಣಿಯ ಸೋಲಾರ್ ಪಾರ್ಕಿಗೆ ಹೋಗಿಬರೋಕೆ ಹಳೇ ಬೈಕ್ ಕೊಳ್ಳೋನೇ ಎಲ್ಲ ಪರೀಕ್ಷೆ ಮಾಡ್ಕೋಬೇಕು. ಫಾರಂ 29, 30 ಹಿಡಿದು ಆರ್‌ಟಿಒಗೆ ಹೋದರೆ ಒಂದು ದಿನದ ಕೂಲಿ ಹೋಯ್ತು. ಪಕ್ಕದ ರಾಜ್ಯದ ಗಾಡಿಯಾದರೆ ಫಾರಂ 28ರ ಎನ್‌ಒಸಿಯೂ ಬೇಕು, ಇಲ್ಲಿನ ತೆರಿಗೆಯೂ ಕಟ್ಟಬೇಕು. ಹೀಗಿರುವಾಗ ಜೆರಾಕ್ಸ್ ಮೇಲೆ ವ್ಯಾಪಾರ ನಡೆಯೋದಕ್ಕೆ ಜನರ ಅಜ್ಞಾನವೊಂದೇ ಕಾರಣ ಅನ್ನೋದು ಸುಳ್ಳು.

ಮಾಹಿತಿ ಸರ್ಕಾರದ ಹತ್ತಿರ ಇದೆ. ನೋಂದಣಿ ವಿವರ 'ವಾಹನ್'ನಲ್ಲಿದೆ. ಗಾಡಿ ಕಳುವಿನ ದಾಖಲೆಯಲ್ಲಿದೆಯಾ ಅಂತ ನೋಡೋಕೆ ಎನ್‌ಸಿಆರ್‌ಬಿ ಡಿಜಿಟಲ್ ಪೊಲೀಸ್ ಪೋರ್ಟಲ್ ನಡೆಸುತ್ತೆ. ಇವೆರಡನ್ನೂ ಗ್ರಾಮ ಪಂಚಾಯಿತಿ ಕಟ್ಟೆಗೆ ತಂದು, ಕನ್ನಡದಲ್ಲಿ ಒಂದು ಚೀಟಿ ಕೊಡೋಕೆ ಹೊಸ ಕಾನೂನೇನೂ ಬೇಕಿಲ್ಲ. ನಿಮ್ಮ ಊರಿನ ಮುಂದಿನ ಗ್ರಾಮಸಭೆಯಲ್ಲಿ ಇದನ್ನು ಕೇಳಿ.

ಅಲ್ಲಿಯವರೆಗೆ, ಅಡ್ವಾನ್ಸ್ ಕೊಡೋ ಮುಂಚೆ ಹ್ಯಾಂಡಲ್ ತಿರುಗಿಸಿ. ಹದಿನೇಳೂ ಅಕ್ಷರ ಮೂಲ ಆರ್‌ಸಿ ಜೊತೆ ತಾಳೆಯಾದ ಮೇಲೇ ಜೇಬಿಗೆ ಕೈ ಹಾಕಿ.