ವೋಚರ್ ಇಲ್ಲದ ಫೈಲ್

ಕಾಮರ್ಸ್ ವಿದ್ಯಾರ್ಥಿಗಳ ನಡುವೆ ಟ್ಯಾಲಿಯ 'ಕ್ರ್ಯಾಕ್' ಫೈಲ್ ಪೆನ್‌ಡ್ರೈವ್‌ನಿಂದ ಪೆನ್‌ಡ್ರೈವ್‌ಗೆ ತಿರುಗುವುದು ಹೊಸದಲ್ಲ. ಟ್ಯಾಲಿಯ ಎಜುಕೇಷನಲ್ ಮೋಡ್ ಉಚಿತವೇ. ಆದರೆ ಅದರಲ್ಲಿ ತಿಂಗಳ 1, 2, 31ರಂತಹ ಕೆಲವೇ ತಾರೀಕುಗಳಿಗೆ ಎಂಟ್ರಿ ಹಾಕಬಹುದು. ಅದಕ್ಕೇ ಈ ಅಡ್ಡದಾರಿ. ಜೊತೆಗೊಂದು ಸಲಹೆ: "ಆಂಟಿವೈರಸ್ ಆಫ್ ಮಾಡಿ ಹಾಕು, ಏನೂ ಆಗಲ್ಲ." ಕದ್ದ ಸಾಫ್ಟ್‌ವೇರ್ ಹಲಾಲೋ ಹರಾಮೋ ಎಂಬ ಪ್ರಶ್ನೆ ಹಾಗಿರಲಿ, ನನ್ನ ಆಕ್ಷೇಪ ಈ ಸಲಹೆಗೆ.

ವೋಚರ್ ಇಲ್ಲದೆ ಎಂಟ್ರಿ ಇಲ್ಲ ಎಂದು ಅಕೌಂಟೆನ್ಸಿಯಲ್ಲಿ ಕಲಿಯುತ್ತೇವೆ. ಫೈಲ್ ವಿಷಯದಲ್ಲಿ ಮಾತ್ರ 'ಫ್ರೆಂಡ್ ಕೊಟ್ಟ' ಎಂಬುದೇ ನಮಗೆ ವೋಚರ್. ಅವನಿಗೆ ಯಾರು ಕೊಟ್ಟರು?

ಪರೀಕ್ಷಿಸಲು ಐದು ನಿಮಿಷ ಸಾಕು. ವಿಂಡೋಸ್ ಸಾಮಾನ್ಯವಾಗಿ ಫೈಲ್ ಹೆಸರಿನ ಕೊನೆಯ ಭಾಗವನ್ನು ಮರೆಮಾಡುತ್ತದೆ. 'ನೋಟ್ಸ್.ಪಿಡಿಎಫ್.ಇಎಕ್ಸ್‌ಇ' ಎಂಬುದು ಬರೀ 'ನೋಟ್ಸ್.ಪಿಡಿಎಫ್' ಎಂದು ಕಾಣುತ್ತದೆ. ವ್ಯೂ ಮೆನುವಿನಲ್ಲಿ ಎಕ್ಸ್‌ಟೆನ್ಷನ್ ಕಾಣುವಂತೆ ಮಾಡಿ. ಪ್ರಾಪರ್ಟೀಸ್‌ನಲ್ಲಿ ಡಿಜಿಟಲ್ ಸಿಗ್ನೇಚರ್ ಇದೆಯೇ, ಯಾರ ಹೆಸರಿನಲ್ಲಿದೆ ನೋಡಿ. ನಂತರ ವೈರಸ್‌ಟೋಟಲ್‌ಗೆ ಹಾಕಿ. ಅಲ್ಲಿ ಒಂದೇ ಫೈಲನ್ನು ಹತ್ತಾರು ಆಂಟಿವೈರಸ್‌ಗಳು ಪರೀಕ್ಷಿಸುತ್ತವೆ. ಸ್ವಂತ ದಾಖಲೆಗಳನ್ನು ಮಾತ್ರ ಅಲ್ಲಿ ಹಾಕಬೇಡಿ, ಬೇರೆಯವರ ಕೈಗೂ ಸಿಗಬಹುದು.

"ಕ್ರ್ಯಾಕ್ ಎಂದ ಮೇಲೆ ಆಂಟಿವೈರಸ್ ಕೂಗುವುದು ಮಾಮೂಲು" ಎನ್ನುವವರಿದ್ದಾರೆ. ಅಪಾಯ ಇರುವುದೇ ಅಲ್ಲಿ. ನಿಜವಾದ ವೈರಸ್ ಇದ್ದರೂ ಅದು ಹಾಗೆಯೇ ಕೂಗುತ್ತದೆ. ಎರಡರ ವ್ಯತ್ಯಾಸ ನಮಗೆ ಹೇಗೆ ತಿಳಿಯಬೇಕು?

ಇಷ್ಟೆಲ್ಲ ನೋಡಿದರೂ ಪೂರ್ತಿ ಖಾತರಿ ಇಲ್ಲ, ನಿಜ. 2017ರಲ್ಲಿ ಸಿಕ್ಲೀನರ್ ಎಂಬ ಹೆಸರಾಂತ ಸಾಫ್ಟ್‌ವೇರ್‌ನೊಳಗೇ ಹ್ಯಾಕರ್‌ಗಳು ಮಾಲ್‌ವೇರ್ ಸೇರಿಸಿದ್ದರು. ಅದು ಕಂಪನಿಯ ಅಸಲಿ ಸಿಗ್ನೇಚರ್‌ನೊಂದಿಗೇ ಇಪ್ಪತ್ತು ಲಕ್ಷಕ್ಕೂ ಹೆಚ್ಚು ಕಂಪ್ಯೂಟರ್‌ಗಳಿಗೆ ಹೋಯಿತು. ಆಡಿಟರ್ ವರದಿಯೂ ಗ್ಯಾರಂಟಿಯಲ್ಲ. ಹಾಗೆಂದು ಯಾರೂ ಆಡಿಟ್ ನಿಲ್ಲಿಸುವುದಿಲ್ಲ. ಸಹಿ ಇರುವ ಫೈಲೇ ಮೋಸ ಮಾಡಬಹುದಾದರೆ, ಕಾವಲುಗಾರನನ್ನು ಮೊದಲು ಹೊರಗೆ ಕಳಿಸು ಎನ್ನುವ ಫೈಲನ್ನು ನಂಬುವುದು ಹೇಗೆ?

ನಮ್ಮಲ್ಲಿ ಅನೇಕರ ಮನೆಯಲ್ಲಿ ಇರುವುದು ಒಂದೇ ಕಂಪ್ಯೂಟರ್. ಅದರಲ್ಲೇ ಅಬ್ಬಾನ ಅಂಗಡಿ ಲೆಕ್ಕ, ಜಿಎಸ್‌ಟಿ ಪಾಸ್‌ವರ್ಡ್, ಅಕ್ಕನ ಸ್ಕಾಲರ್‌ಶಿಪ್ ಕಾಗದಗಳು. ಪ್ರಾಕ್ಟೀಸ್‌ಗೆ ನಾಲ್ಕು ತಾರೀಕು ಹೆಚ್ಚು ಸಿಗಲೆಂದು ಅದನ್ನೆಲ್ಲ ಪಣಕ್ಕಿಡಬೇಕೇ?

ಲ್ಯಾಬ್‌ನ ಸರ್ ಮತ್ತು ಮೇಡಂಗೆ ನನ್ನ ಮನವಿ: ಟ್ಯಾಲಿ ಕಂಪನಿಯ ವೆಬ್‌ಸೈಟಿನಿಂದಲೇ ಇಳಿಸಿದ ಇನ್‌ಸ್ಟಾಲರ್ ಒಂದನ್ನು ಲ್ಯಾಬ್‌ನಲ್ಲಿ ಇಡಿ, ಬೇಕಾದವರು ಅಲ್ಲಿಂದಲೇ ಒಯ್ಯಲಿ. ಮೇಲಿನ ಪರೀಕ್ಷೆಗಳನ್ನು ಒಂದು ಪ್ರಾಕ್ಟಿಕಲ್ ಪಿರಿಯಡ್‌ನಲ್ಲಿ ಎಲ್ಲರಿಂದಲೂ ಮಾಡಿಸಿ.