ಪೆಟ್ಟಿಗೆ ನಮ್ಮದಾದರೆ ಒಳಗಿನ ಫೈಲೂ ನಮ್ಮದೇ

ಉಡುಪಿ, ಕಾಪು, ಕಾರ್ಕಳದ ಕೆಲವು ಮನೆಗಳ ಅಟ್ಟದಲ್ಲಿ ಇನ್ನೂ ಪ್ಲೇಸ್ಟೇಷನ್ 2 ಇದೆ. ಒಂದು ದುಬೈಯಿಂದ ಮಾವ ತಂದದ್ದು, ಇನ್ನೊಂದು ಮಣಿಪಾಲದ ವಿದ್ಯಾರ್ಥಿ ಊರಿಗೆ ಹೋಗುವಾಗ ಮಾರಿದ್ದು. 2000ರಲ್ಲಿ ಬಂದ ಈ ಯಂತ್ರದ ತಯಾರಿಕೆಯನ್ನು ಸೋನಿ 2013ರ ಹೊತ್ತಿಗೆ ನಿಲ್ಲಿಸಿತು.

ನಮ್ಮ ಮಳೆಗಾಲ ನಿಮಗೆ ಗೊತ್ತೇ ಇದೆ. ಡಿಸ್ಕಿಗೆ ಬೂಷ್ಟು, ಒಳಗೆ ತುಕ್ಕು. ಆಡಿದ್ದೆಲ್ಲ ಉಳಿಯುವುದು 8 ಎಂಬಿಯ ಮೆಮೊರಿ ಕಾರ್ಡಿನಲ್ಲಿ. ಯಂತ್ರದ ಸ್ವಂತ ಮೆನುವಿನಲ್ಲಿ ಅದನ್ನು ಇನ್ನೊಂದು ಕಾರ್ಡಿಗೆ ಮಾತ್ರ ಕಾಪಿ ಮಾಡಬಹುದು. ಎದುರಿಗೇ ಯುಎಸ್‌ಬಿ ಕಿಂಡಿ ಇದ್ದರೂ ಆ ಮೆನುವಿಗೆ ಪೆನ್‌ಡ್ರೈವ್ ಕಾಣಿಸುವುದಿಲ್ಲ.

ಈ ಕೊರತೆ ನೀಗಿಸಿದವರು ಹವ್ಯಾಸಿಗಳು. ಕಂಪನಿಯನ್ನು ಕೇಳದೆ ಅವರು ಬರೆಯುವ ಸಾಫ್ಟ್‌ವೇರಿಗೆ ಹೋಮ್‌ಬ್ರೂ ಎನ್ನುತ್ತಾರೆ. ಫ್ರೀ ಮ್ಯಾಕ್‌ಬೂಟ್ ಹಾಕಿದ ಕಾರ್ಡ್ ಇದ್ದರೆ ಪೆಟ್ಟಿಗೆ ಬಿಚ್ಚದೆಯೇ ಯುಲಾಂಚ್‌ಎಲ್ಫ್ ಎಂಬ ಫೈಲ್ ಮ್ಯಾನೇಜರ್ ತೆರೆಯಬಹುದು. ನಿಮ್ಮ ಫೋನಿನ ಫೈಲ್ಸ್ ಆ್ಯಪ್ ಇದ್ದ ಹಾಗೆಯೇ: ಕಾಪಿ, ಪೇಸ್ಟ್, ಡಿಲೀಟ್. ಕಾರ್ಡಿನಲ್ಲಿದ್ದದ್ದು ಪೆನ್‌ಡ್ರೈವಿಗೆ ಬರುತ್ತದೆ. ಎರಡೂ ಉಚಿತ.

ಇದು ಕಳ್ಳತನ ಅಲ್ಲವೇ ಎಂದು ಕೇಳುವವರಿದ್ದಾರೆ. ನಮ್ಮ ಉತ್ತರ: ಅಲ್ಲ. ದುಡ್ಡು ಪಡೆದು ನಕಲಿ ಗೇಮ್ ತುಂಬಿಸಿ ಕೊಡುವುದು ಕಳ್ಳತನ. ನಾವು ಅದರ ಪರ ಇಲ್ಲ. ನಮ್ಮದೇ ಕಾರ್ಡಿನ ಫೈಲ್ ಉಳಿಸಿಕೊಳ್ಳುವುದು ಬೇರೆ ಮಾತು. ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಿ ಸೇರಿದ 65ಎ ಕಲಂ ಡಿಜಿಟಲ್ ಬೀಗ ಮುರಿದವರಿಗೆ 2 ವರ್ಷದವರೆಗೆ ಜೈಲು ಎನ್ನುತ್ತದೆ. ಆದರೆ ಹಕ್ಕು ಉಲ್ಲಂಘಿಸುವ ಉದ್ದೇಶ ಇದ್ದರೆ ಮಾತ್ರ. ಕಂಪ್ಯೂಟರ್ ಪ್ರೋಗ್ರಾಮನ್ನು ಕಾನೂನುಬದ್ಧವಾಗಿ ಹೊಂದಿದವರು ಅದು ಹಾಳಾದರೆ ಬೇಕಾದೀತೆಂದು ಪ್ರತಿ ಇಟ್ಟುಕೊಳ್ಳಲು 52ನೇ ಕಲಂ ಅವಕಾಶ ಕೊಡುತ್ತದೆ.

ಕಂಪನಿ ನೋಡಿಕೊಳ್ಳುತ್ತದೆ ಎಂದು ಕಾಯುವಂತಿಲ್ಲ. ನಿಂಟೆಂಡೊ 2023ರ ಮಾರ್ಚ್‌ನಲ್ಲಿ 3ಡಿಎಸ್ ಮತ್ತು ವೀ ಯು ಯಂತ್ರಗಳಿಗೆ ಆನ್‌ಲೈನ್‌ನಲ್ಲಿ ಗೇಮ್ ಮಾರುವುದನ್ನೇ ನಿಲ್ಲಿಸಿತು. 2009ರಲ್ಲಿ ನಮ್ಮ ದೇಶದಲ್ಲೇ ತಯಾರಾದ ದೇಸಿ ಅಡ್ಡಾ ಎಂಬ ಪ್ಲೇಸ್ಟೇಷನ್ 2 ಗೇಮಿನಲ್ಲಿ ಚಿನ್ನಿದಾಂಡು, ಕಬಡ್ಡಿ ಇವೆ. ಅದರ ಡಿಸ್ಕುಗಳಿಗೆ ಬೂಷ್ಟು ಹಿಡಿದ ಮೇಲೆ ಉಳಿಸುವವರು ಯಾರು?

2022ರಲ್ಲಿ ಕೇಂದ್ರದ ಗ್ರಾಹಕ ವ್ಯವಹಾರಗಳ ಇಲಾಖೆ ರಿಪೇರಿ ಹಕ್ಕಿಗಾಗಿ ಸಮಿತಿ ರಚಿಸಿತು. ಆ ಹಕ್ಕು ಸ್ಕ್ರೂ ಬಿಚ್ಚುವುದಕ್ಕೆ ನಿಲ್ಲಬಾರದು, ಒಳಗಿನ ಫೈಲಿಗೂ ಸಲ್ಲಬೇಕು. ಜಿಲ್ಲೆಯ ಐಟಿಐ, ಪಾಲಿಟೆಕ್ನಿಕ್‌ಗಳಲ್ಲಿ ಇಂಥ ಹಳೆಯ ಯಂತ್ರ ಇಟ್ಟು ಮಕ್ಕಳಿಗೆ ಕಲಿಸಿದರೆ ಊರಲ್ಲೇ ರಿಪೇರಿ ಮಾಡುವವರು ಸಿಗುತ್ತಾರೆ.

ನಿಮ್ಮ ಅಟ್ಟದಲ್ಲೂ ಒಂದಿದ್ದರೆ ಮಳೆ ಶುರುವಾಗುವ ಮೊದಲೇ ಇಳಿಸಿ, ಕಾರ್ಡನ್ನು ಕಾಪಿ ಮಾಡಿಸಿ. ಅಂಗಡಿಯವರ ಕೆಲಸಕ್ಕೆ ಮಜೂರಿ ಕೊಡಿ, ಸಾಫ್ಟ್‌ವೇರಿಗೆ ಬೆಲೆ ಕೇಳಿದರೆ ಕೊಡಬೇಡಿ. ಹೆಸರು ಗೊತ್ತಿಲ್ಲದ ಫೈಲನ್ನು ಡಿಲೀಟ್ ಮಾಡಲೂ ಹೋಗಬೇಡಿ.