ಹಾಲು ಕರೆಯುವವರನ್ನು ಕೇಳಿ

ತಿಪಟೂರು ಸೀಮೆಯ ಹಳ್ಳಿಯೊಂದರ ಸೀಮೆಹಸು ಇವತ್ತಿಗೂ ನನ್ನ ಕಣ್ಣ ಮುಂದಿದೆ. ನಾನು ಪಶುವೈದ್ಯನಾಗಿ ಆಗ ನಾಲ್ಕನೇ ವರ್ಷ. ಮನೆಯ ಯಜಮಾನರು ಅದನ್ನು ಆಸ್ಪತ್ರೆಗೆ ಹೊಡೆದುಕೊಂಡು ಬಂದು, "ಮೇವು ಬಿಟ್ಟೈತೆ ಸಾರ್, ಹೊಟ್ಟೆ ಉಬ್ಬರ" ಅಂದರು. ಟ್ರೆವಿಸ್‌ಗೆ ಕಟ್ಟಿಸಿ, ಜ್ವರ ನೋಡಿ, ಹೊಟ್ಟೆಗೆ ಔಷಧ ಕೊಟ್ಟು ಕಳಿಸಿದೆ. ಹೀಗೆ ಮೂರು ಸಲ ಆಯಿತು. ನಾಲ್ಕನೇ ಸಲ ಹಸು ನಡೆಯಲಾರದ್ದರಿಂದ ನಾನೇ ಅವರ ಕೊಟ್ಟಿಗೆಗೆ ಹೋದೆ. ಗೋದಲಿಯ ಪಕ್ಕ ನಿಂತಿದ್ದ ಆ ಮನೆಯ ಸೊಸೆ ಮೆಲ್ಲಗೆ ಹೇಳಿದರು: "ಕೆರೆ ಏರಿ ಹತ್ತೋಕೆ ಸಲೀಸಾಗಿ ಹತ್ತುತ್ತೆ ಸಾರ್, ಇಳಿಯೋಕೆ ಮಾತ್ರ ಒಲ್ಲೆ ಅಂತ ನಿಂತುಬಿಡುತ್ತೆ. ಮಲಗೋವಾಗ ನರಳುತ್ತೆ. ಹದಿನೈದು ದಿನವಾಯಿತು."

ಕಾಯಿಲೆಯ ಹೆಸರು ಆ ಮಾತಿನಲ್ಲೇ ಇತ್ತು. ದನ ಮೇವನ್ನು ತುಟಿಯಲ್ಲಿ ಆರಿಸಿ ತಿನ್ನುವುದಿಲ್ಲ. ನಾಲಗೆಯಿಂದ ಸುತ್ತಿ ಎಳೆದುಕೊಂಡು ಅರೆಬರೆ ಅಗಿದು ನುಂಗುತ್ತದೆ, ಮೆಲುಕು ಆಮೇಲಿನ ಕೆಲಸ. ಹುಲ್ಲಿನೊಂದಿಗೆ ಒಳಹೋದ ತಂತಿಯ ಚೂರೋ ಮೊಳೆಯೋ ಎರಡನೇ ಹೊಟ್ಟೆಯಲ್ಲಿ ತಂಗುತ್ತದೆ. ಅದರ ಮುಂದೆಯೇ ವಪೆ, ವಪೆಯ ಆಚೆ ಗುಂಡಿಗೆ. ಇಳಿಜಾರಿನಲ್ಲಿ ಹೊಟ್ಟೆಯ ಭಾರ ಮುಂದಕ್ಕೆ ಒತ್ತಿದಾಗ ಲೋಹ ಚುಚ್ಚುತ್ತದೆ, ಹಸು ಹೆಜ್ಜೆ ಕೀಳುವುದಿಲ್ಲ. ಮೊದಲ ವಾರದಲ್ಲೇ ತಿಳಿದಿದ್ದರೆ ಹೊಟ್ಟೆ ತೆರೆದು ತಂತಿ ತೆಗೆಯಬಹುದಿತ್ತು. ನನಗೆ ತಿಳಿಯುವಷ್ಟರಲ್ಲಿ ಗುಂಡಿಗೆಯ ಸುತ್ತ ಕೀವು ಕಟ್ಟಿತ್ತು. ಹಸು ಉಳಿಯಲಿಲ್ಲ. ಆ ಹೆಣ್ಣುಮಗಳನ್ನು ನಾನು ಮೊದಲೇ ಕೇಳಿರಲಿಲ್ಲ. ಆಸ್ಪತ್ರೆಗೆ ಬಂದದ್ದು ಯಜಮಾನರು, ಹಸುವಿನ ಹಗ್ಗ ಹಿಡಿದಿದ್ದವರೂ ಅವರೇ.

ಅಂದಿನಿಂದ ನಾನು ಒಂದು ಮಾತನ್ನು ಹಟ ಹಿಡಿದು ಹೇಳುತ್ತ ಬಂದಿದ್ದೇನೆ. ಪ್ರಾಣಿಯ ನಡವಳಿಕೆಯೂ ಥರ್ಮಾಮೀಟರಿನಷ್ಟೇ ಮುಖ್ಯವಾದ ಪರೀಕ್ಷೆ, ಅದನ್ನು ಓದಬಲ್ಲವರು ದಿನಕ್ಕೆರಡು ಹೊತ್ತು ಕೆಚ್ಚಲಿಗೆ ಕೈಹಾಕುವವರು. ನಮ್ಮ ಹಳ್ಳಿಗಳಲ್ಲಿ ಅವರು ಹೆಚ್ಚಾಗಿ ಹೆಂಗಸರು.

ಆಸ್ಪತ್ರೆಯ ಅಂಗಳದಲ್ಲಿ ವೈದ್ಯರಿಗೆ ಕಾಣುವುದು ಹೆದರಿದ ಹಸು. ಬೇಟೆಗೆ ಸಿಕ್ಕುವ ಜಾತಿಯಾದ್ದರಿಂದ ನೋವನ್ನು ಮುಚ್ಚಿಡುವುದು ಅದರ ಹುಟ್ಟುಗುಣ. ಲಗೇಜ್ ಆಟೋದಲ್ಲಿ ನಿಂತು, ಗುರುತಿಲ್ಲದ ಕಡೆ ಬಂದು, ಕಬ್ಬಿಣದ ಕಂಬಗಳ ನಡುವೆ ಸಿಕ್ಕಿಕೊಂಡಾಗ ಎದೆಬಡಿತ, ಉಸಿರು ಎರಡೂ ಏರುತ್ತವೆ. ಮೈ ಕಾವೂ ಏರಬಹುದು. ದನದ ಕಣ್ಣು ತಲೆಯ ಎರಡು ಪಕ್ಕಕ್ಕಿರುವುದರಿಂದ ಸುತ್ತಲಿನದೆಲ್ಲ ಹೆಚ್ಚುಕಡಿಮೆ ಕಾಣುತ್ತದೆ, ನೇರ ಬಾಲದ ಹಿಂದಿನದು ಮಾತ್ರ ಕಾಣದು. ನಾವು ಸೂಜಿ ಹಿಡಿದು ಬರುವುದು ಸಾಮಾನ್ಯವಾಗಿ ಅಲ್ಲಿಂದಲೇ. ಒದ್ದರೆ "ತುಂಟ ಹಸು" ಅನ್ನುತ್ತೇವೆ. ಭುಜದ ಕಡೆಯಿಂದ, ಮಾತಾಡಿಸುತ್ತ ಬಂದು, ಬೆನ್ನ ಮೇಲೆ ಕೈಯಿಟ್ಟು ಒಂದು ಕ್ಷಣ ನಿಂತರೆ ಅದೇ ಹಸು ಸುಮ್ಮನಿರುತ್ತದೆ. ಇದು ಹಾಲು ಕರೆಯುವವರಿಗೆಲ್ಲ ಗೊತ್ತು. ಬೆದರಿದ ಹಸು ತೊರೆ ಬಿಡುವುದಿಲ್ಲ, ಕೆಚ್ಚಲು ತುಂಬಿದ್ದರೂ ಚೊಂಬು ತುಂಬುವುದಿಲ್ಲ.

ನಡವಳಿಕೆಯನ್ನು ಕೇಳಿದ್ದರಿಂದ ಜೀವ ಉಳಿದದ್ದೂ ಉಂಟು. ಒಮ್ಮೆ ಜೊಲ್ಲು ಸುರಿಸುತ್ತ ನಿಂತ ಎಮ್ಮೆಯ ಗಂಟಲಲ್ಲಿ ಏನೋ ಸಿಕ್ಕಿದೆ ಎಂದು ಮನೆಯವರು ಕರೆದರು. ನಾನು ತೋಳು ಮಡಚಿಯೂ ಆಗಿತ್ತು. ಅಷ್ಟರಲ್ಲಿ ಮನೆಯ ಅಜ್ಜಿ, "ನೆನ್ನೆಯಿಂದ ಇದರ ಕೂಗೇ ಬೇರೆ ಆಗೈತೆ ಕಣಪ್ಪ, ಗಂಟಲು ಒಡೆದಂಗೆ ಕೂಗುತ್ತೆ, ಕರೂನೇ ಹಾಯೋಕೆ ಹೋಗುತ್ತೆ" ಅಂದರು. ನಾನು ಕೈ ಹಿಂದೆ ತೆಗೆದೆ. ಹುಚ್ಚುನಾಯಿ ರೋಗ ದನದಲ್ಲಿ ಕಾಣಿಸಿಕೊಳ್ಳುವುದು ಹೀಗೆಯೇ: ಬದಲಾದ ದನಿ, ನುಂಗಲಾಗದ ಜೊಲ್ಲು, ಇಲ್ಲದ ಸಿಟ್ಟು. ಎರಡು ದಿನದಲ್ಲಿ ಎಮ್ಮೆ ಸತ್ತಿತು. ಅದರ ಜೊಲ್ಲು ಮುಟ್ಟಿದ್ದ ಮನೆಯವರೆಲ್ಲ ಚುಚ್ಚುಮದ್ದು ಹಾಕಿಸಿಕೊಂಡರು. ಗಂಟಲಿಗೆ ಕೈಹಾಕಿ ನೋಡುವ ಅಭ್ಯಾಸ ಇರುವ ನನ್ನ ಕಿರಿಯ ಸಹೋದ್ಯೋಗಿಗಳಿಗೆ ಈ ಕಥೆಯನ್ನು ಎಷ್ಟು ಸಲ ಹೇಳಿದರೂ ನನಗೆ ಸಾಲದು.

ಎಮ್ಮೆಯ ಮೂಕಬೆದೆಯೂ ಹೀಗೆಯೇ. ಕೂಗದು, ಹಾರದು. ಹಾಲು ತುಸು ಇಳಿದದ್ದು, ಪದೇ ಪದೇ ಗಂಜಲ ಹೊಯ್ದದ್ದು ಕರೆಯುವವರಿಗಷ್ಟೇ ಗೊತ್ತಾಗುತ್ತದೆ. ಒಂದು ಸಲ ತಪ್ಪಿದರೆ ಮತ್ತೆ ಸುಮಾರು 21 ದಿನ ಕಾಯಬೇಕು.

ಹಾಗಾಗಿ ಪಶುಸಂಗೋಪನಾ ಇಲಾಖೆಗೆ ನನ್ನ ಕೋರಿಕೆ ಸಣ್ಣದು. ಆಸ್ಪತ್ರೆಯ ಚೀಟಿಯಲ್ಲಿ ಜ್ವರದ ಸಾಲಿನ ಕೆಳಗೆ ಇನ್ನೊಂದು ಸಾಲು ಬರಲಿ: ಮಲಗುವುದು, ಏಳುವುದು, ಮೆಲುಕು, ದನಿ, ನಡಿಗೆಯಲ್ಲಿ ಏನು ಬದಲಾಗಿದೆ, ಹೇಳಿದವರು ಯಾರು. ಪಶು ಸಹಾಯವಾಣಿ 1962ಕ್ಕೆ ಕರೆ ಬಂದಾಗ ಫೋನ್ ಎತ್ತಿದವರು, "ಹಾಲು ಕರೆಯುವವರ ಕೈಗೆ ಫೋನ್ ಕೊಡಿ" ಎಂದು ಕೇಳಲಿ. ಕಾಲುಬಾಯಿ ರೋಗದ ಲಸಿಕೆ ಹಾಕುವವರು ಮನೆಗೇ ಬಂದಾಗ, ಕೊಟ್ಟಿಗೆಯೊಳಗಿನ ಹೆಂಗಸರ ಜೊತೆ ಎರಡು ಮಾತಾಡಿ ಹೋಗಲಿ. ಶಿಬಿರ ನಡೆಸುವುದಾದರೆ ಪಂಚಾಯ್ತಿ ಕಟ್ಟೆಯ ಮುಂದೆ ಹನ್ನೊಂದು ಗಂಟೆಗೆ ಬೇಡ. ಆ ಹೊತ್ತಿಗೆ ಅವರು ಹೊಲದಲ್ಲಿರುತ್ತಾರೆ. ಬೆಳಿಗ್ಗೆ ಏಳಕ್ಕೆ, ಕ್ಯಾನು ಹಿಡಿದು ಸಾಲು ನಿಲ್ಲುವ ಡೇರಿಯ ಬಾಗಿಲಲ್ಲೇ ಇಡಲಿ.